ಪಾತ್ರಕ್ಕೆ ತಕ್ಕ ಮುಖವನ್ನು ಅರಸುವವರು

ಚಲನಚಿತ್ರ ಮುಗಿದು ಚಿತ್ರಮಂದಿರದ ದೀಪಗಳು ಬೆಳಗಿದಾಗ ನಾವು ನಾಯಕನನ್ನು ಕೊಂಡಾಡುತ್ತೇವೆ, ಹಾಡನ್ನು ಗುನುಗುತ್ತೇವೆ, ಹೆಚ್ಚೆಂದರೆ ನಿರ್ದೇಶಕನ ಹೆಸರನ್ನು ನೆನೆಯುತ್ತೇವೆ. ‘ನಾಗರಹಾವು’ ಚಿತ್ರದ ಚಾಮಯ್ಯ ಮೇಷ್ಟ್ರಾಗಿ ಕೆ.ಎಸ್. ಅಶ್ವತ್ಥರೇ ನಿಲ್ಲಬೇಕೆಂದು, ‘ಮಾಲ್ಗುಡಿ ಡೇಸ್’ನ ಸ್ವಾಮಿಯಾಗಿ ಬೆಂಗಳೂರಿನ ಆ ಪುಟ್ಟ ಹುಡುಗನೇ ಬರಬೇಕೆಂದು ಯಾರು ನಿಶ್ಚಯಿಸಿದರು ಎಂದು ಕೇಳುವವರು ತೀರ ವಿರಳ. ಆ ಪಾತ್ರದಲ್ಲಿ ಬೇರೊಬ್ಬರನ್ನು ಊಹಿಸಿಕೊಳ್ಳಲು ನಮ್ಮಿಂದಾಗದು. ಆದ್ದರಿಂದಲೇ ಪ್ರಶ್ನೆಯೂ ಹುಟ್ಟುವುದಿಲ್ಲ. ಆಯ್ಕೆ ಎಷ್ಟು ಸಮರ್ಪಕವಾಗಿತ್ತೋ ಆಯ್ಕೆ ಮಾಡಿದವರು ಅಷ್ಟರಮಟ್ಟಿಗೆ ಮರೆಯಾಗಿಬಿಡುವ ವಿಚಿತ್ರ ಕೆಲಸವಿದು.

ಈ ಕೆಲಸಕ್ಕೆ ಇಂದು ಒಂದು ಹೆಸರುಂಟು: ಕಾಸ್ಟಿಂಗ್ ಡೈರೆಕ್ಟರ್. ಪಾತ್ರಗಳಿಗೆ ಕಲಾವಿದರನ್ನು ಹುಡುಕಿ ಕೊಡುವವರು ಎಂದು ಕನ್ನಡದಲ್ಲಿ ಹೇಳಬಹುದು. ವಿಜಯನಗರಕ್ಕೆ ಹೊಂದಿಕೊಂಡ ನಮ್ಮ ಆರ್‌ಪಿಸಿ ಲೇಔಟ್, ಅಂದರೆ ಹಂಪಿನಗರದ ಗೃಹಸ್ಥರೊಬ್ಬರು ಇತ್ತೀಚೆಗೆ ಇದೇ ವಿಷಯವಾಗಿ ಚಿಂತೆಯಿಂದ ವಿಚಾರಿಸಿದರು. ಪದವಿ ಮುಗಿಸಿದ ಅವರ ಮಗಳು ನಟಿಯಾಗಲು ಬಯಸಿದ್ದರೆ ಆಕೆಯನ್ನು ಒಪ್ಪಿಸಿಯೋ ಬೆದರಿಸಿಯೋ ನಿಲ್ಲಿಸಬಹುದಿತ್ತಂತೆ. ಆಕೆಯಾದರೋ ನಟರನ್ನು ಆರಿಸುವವಳಾಗುತ್ತೇನೆ ಎನ್ನುತ್ತಾಳೆ. “ಇದೂ ಒಂದು ಉದ್ಯೋಗವೇ? ನಾಳೆ ಬೀಗರಿಗೆ ಏನೆಂದು ಹೇಳುವುದು?” ಎಂಬುದು ಅವರ ಪ್ರಶ್ನೆ. ಪ್ರಶ್ನೆ ನಗುವಂಥದಲ್ಲ. ಬ್ಯಾಂಕು, ಶಾಲೆ, ಸರ್ಕಾರಿ ಕಚೇರಿಗಳ ಸಂಬಳದಿಂದ ಮನೆ ಕಟ್ಟಿಕೊಂಡ ನಮ್ಮ ಬಡಾವಣೆಗಳ ಕುಟುಂಬಗಳಿಗೆ ಹೆಸರೇ ಕೇಳಿರದ ಕಸುಬನ್ನು ಮಕ್ಕಳ ಕೈಗೆ ಒಪ್ಪಿಸುವುದು ಸುಲಭವಲ್ಲ. ಇದು ಉದ್ಯೋಗ ಹೌದು. ಹೊಸ ಉದ್ಯೋಗವಂತೂ ಅಲ್ಲವೇ ಅಲ್ಲ. ಕನ್ನಡ ನಾಡಿನಲ್ಲಿ ಇದನ್ನು ಅತ್ಯಂತ ಯಶಸ್ವಿಯಾಗಿ ನಡೆಸಿದವರಲ್ಲಿ ಒಬ್ಬರು, ತಮ್ಮನ್ನು ಆ ಹೆಸರಿನಿಂದ ಯಾರೂ ಕರೆಯದಿದ್ದ ಒಬ್ಬ ಗೃಹಿಣಿ.

ಆ ಗೃಹಿಣಿಯ ವಿಷಯಕ್ಕೆ ಬರುವ ಮುನ್ನ ಕೆಲಸದ ಸ್ವರೂಪವನ್ನು ತಿಳಿಯೋಣ. ಕಥೆ ಸಿದ್ಧವಾದೊಡನೆ ಈ ಆಯ್ಕೆಗಾರರು ಅದನ್ನು ಓದಿ, ಅದರಲ್ಲಿ ಬರುವ ಒಂದೊಂದು ಪಾತ್ರದ ವಯಸ್ಸು, ಊರು, ಮಾತಿನ ಧಾಟಿ, ದೇಹಪ್ರಕೃತಿ, ಮನೋಧರ್ಮಗಳನ್ನು ಗುರುತು ಹಾಕಿಕೊಳ್ಳುತ್ತಾರೆ. ನಾಯಕ ನಾಯಕಿಯರು ಬಹುಮಟ್ಟಿಗೆ ನಿರ್ಮಾಪಕರ ಲೆಕ್ಕಾಚಾರದಲ್ಲೇ ನಿರ್ಧಾರವಾಗಿರುತ್ತಾರೆ. ಆದರೆ ನಾಯಕಿಯ ಅಜ್ಜಿ, ಬೀದಿಯ ಕೊನೆಯ ಅಂಗಡಿಯವ, ಎರಡೇ ಮಾತನಾಡಿ ಹೋಗುವ ಪೊಲೀಸ್ ಪೇದೆ — ಇಂಥವರೇ ನಲವತ್ತೋ ಐವತ್ತೋ ಮಂದಿ ಇರುತ್ತಾರೆ. ಪ್ರತಿಯೊಂದು ಪಾತ್ರಕ್ಕೂ ಹಲವರನ್ನು ಕರೆಸಿ, ಒಂದು ಸನ್ನಿವೇಶವನ್ನು ಕೊಟ್ಟು ಅಭಿನಯಿಸಲು ಹೇಳಿ, ಚಿತ್ರೀಕರಿಸಿಕೊಳ್ಳುವುದಕ್ಕೆ ಆಡಿಷನ್ ಎನ್ನುತ್ತಾರೆ. ಹೀಗೆ ಬಂದವರಲ್ಲಿ ಮೂರು ನಾಲ್ಕು ಮಂದಿಯನ್ನು ಸೋಸಿ ನಿರ್ದೇಶಕರ ಮುಂದಿಡಬೇಕು. ಕೊನೆಯ ಮಾತು ನಿರ್ದೇಶಕರದು. ಆಮೇಲೆ ಕಲಾವಿದರ ದಿನಾಂಕ, ಸಂಭಾವನೆ, ಒಪ್ಪಂದಗಳ ಹೊಂದಾಣಿಕೆ. ಆಯ್ಕೆಯಾಗದ ನೂರಾರು ಮಂದಿಗೆ ‘ಇಲ್ಲ’ ಎಂದು ಹೇಳುವುದೂ ಇದೇ ಕೆಲಸದ ಭಾಗ. ಅದನ್ನು ನೋವಾಗದಂತೆ ಹೇಳಬಲ್ಲವರೇ ಈ ವೃತ್ತಿಯಲ್ಲಿ ಬಹುಕಾಲ ಉಳಿಯುತ್ತಾರೆಂದು ನನಗೆ ತೋರುತ್ತದೆ.

ಕನ್ನಡದಲ್ಲಿ ಈ ಕೆಲಸ ಮೊದಲು ನಡೆದದ್ದು ನಾಟಕ ಕಂಪನಿಗಳ ಡೇರೆಗಳಲ್ಲಿ. ಗುಬ್ಬಿಯ ಆರಾಧ್ಯದೈವದ ಹೆಸರಿನಲ್ಲಿ 1884ರಲ್ಲಿ ಆರಂಭವಾದ ಶ್ರೀ ಚನ್ನಬಸವೇಶ್ವರ ನಾಟಕ ಕಂಪನಿಯನ್ನು ಮುಂದೆ ಬೆಳೆಸಿ ನಾಡಿಗೇ ಹೆಸರಾಗಿಸಿದ ಗುಬ್ಬಿ ವೀರಣ್ಣನವರ ಕಣ್ಣು ಇಂಥದು. ಕಂಪನಿಗೆ ಊಟ ಬಯಸಿ ಬಂದ ಹುಡುಗನಲ್ಲಿ ನಾಳಿನ ನಟನಿರುವುದನ್ನು ಅವರು ಕಾಣಬಲ್ಲವರಾಗಿದ್ದರು. ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು, ಜಿ.ವಿ. ಅಯ್ಯರ್ ಇವರೆಲ್ಲ ಆ ಕಂಪನಿಯ ಅನ್ನ ಉಂಡವರೇ. ಮನೆ ಬಿಟ್ಟು ಬಂದ ಬಾಲಕ ಬಿ.ವಿ. ಕಾರಂತರನ್ನು ವೀರಣ್ಣನವರು ಹೆಚ್ಚಿನ ಓದಿಗಾಗಿ ಬನಾರಸ್ಸಿಗೆ ಕಳುಹಿಸಿದ್ದು ರಂಗಭೂಮಿಯ ಚರಿತ್ರೆಯಲ್ಲಿ ಪ್ರಸಿದ್ಧವಾದ ಸಂಗತಿ. ಆಯ್ದುಕೊಂಡವನನ್ನು ಆಡಿಸಿ ಬಿಟ್ಟುಬಿಡದೆ ಬೆಳೆಸುವ ಹೊಣೆಯೂ ಆಗ ಆಯ್ಕೆ ಮಾಡಿದವರ ಮೇಲಿತ್ತು. ಇಂದಿನ ವೃತ್ತಿಯಲ್ಲಿ ಈ ಎರಡನೆಯ ಹೊಣೆ ಇಲ್ಲ. ಅದೊಂದು ನಷ್ಟವೆಂದೇ ಹೇಳಬೇಕು.

ಚಲನಚಿತ್ರ ಬಂದಾಗ ಕಂಪನಿಯ ಕಲಾವಿದರೇ ತೆರೆಗೂ ಏರಿದರು. 1954ರ ‘ಬೇಡರ ಕಣ್ಣಪ್ಪ’ನಿಗೆ ಎಚ್.ಎಲ್.ಎನ್. ಸಿಂಹ ಅವರು ನಾಟಕದ ನಟ ಮುತ್ತುರಾಜನನ್ನು ಆರಿಸಿ, ರಾಜ್‌ಕುಮಾರ್ ಎಂಬ ಹೊಸ ಹೆಸರಿನೊಡನೆ ತೆರೆಯ ಮೇಲೆ ನಿಲ್ಲಿಸಿದರು. ಮರುವರ್ಷ ಹೊನ್ನಪ್ಪ ಭಾಗವತರು ‘ಮಹಾಕವಿ ಕಾಳಿದಾಸ’ ಚಿತ್ರದ ಮೂಲಕ ಬಿ. ಸರೋಜಾದೇವಿಯವರನ್ನು ಪರಿಚಯಿಸಿದರು. ಎರಡೇ ವರ್ಷಗಳಲ್ಲಿ ನಡೆದ ಈ ಎರಡು ಆಯ್ಕೆಗಳು ದಕ್ಷಿಣ ಭಾರತದ ಚಿತ್ರರಂಗದ ಮುಂದಿನ ಹಲವು ದಶಕಗಳನ್ನೇ ರೂಪಿಸಿದವು.

ಮುಂದೆ ಈ ಶಕ್ತಿ ನಿರ್ದೇಶಕರ ಕೈಗೆ ಬಂತು. ಪುಟ್ಟಣ್ಣ ಕಣಗಾಲರ ‘ನಾಗರಹಾವು’ (1972) ಒಂದನ್ನೇ ನೋಡಿದರೂ ಸಾಕು. ಅದಕ್ಕೆ ಹಿಂದಿನ ವರ್ಷವಷ್ಟೇ ‘ವಂಶವೃಕ್ಷ’ದ ಚಿಕ್ಕ ಪಾತ್ರದಲ್ಲಿ ಕಾಣಿಸಿಕೊಂಡಿದ್ದ ಸಂಪತ್‌ಕುಮಾರ್ ಎಂಬ ತರುಣ ರಾಮಾಚಾರಿಯಾಗಿ, ವಿಷ್ಣುವರ್ಧನನಾಗಿ ಬಂದರು. ಕೆಲವೇ ದೃಶ್ಯಗಳ ಜಲೀಲನಾಗಿ ಅಂಬರೀಶ್ ಬಂದರು. ಇಬ್ಬರು ಭಾವೀ ನಾಯಕರನ್ನು ಒಂದೇ ಚಿತ್ರದಲ್ಲಿ ಕಂಡುಕೊಳ್ಳುವುದು ಅದೃಷ್ಟವೆಂದರೂ ಸರಿ, ದೃಷ್ಟಿಯೆಂದರೂ ಸರಿ. ನನಗೆ ಇದಕ್ಕಿಂತ ದೊಡ್ಡದಾಗಿ ಕಾಣುವುದು ಅಶ್ವತ್ಥರ ಆಯ್ಕೆ. ಹೊಸಬನ ಆರ್ಭಟಕ್ಕೆ ಎದುರಾಗಿ ತಗ್ಗಿದ ದನಿಯ ಹಿರಿಯನೊಬ್ಬನಿರದಿದ್ದರೆ ರಾಮಾಚಾರಿಯ ಸಿಟ್ಟು ಬರಿಯ ಸಿಟ್ಟಾಗಿ ಉಳಿಯುತ್ತಿತ್ತು. ಪಾತ್ರಗಳನ್ನು ಒಬ್ಬೊಬ್ಬರನ್ನಾಗಿ ಆರಿಸಲಾಗದು. ಮನೆಯ ಮದುವೆ ಸಂಬಂಧ ನೋಡುವಂತೆ ಇವರಿಗೆ ಅವರು ಹೊಂದುತ್ತಾರೆಯೇ ಎಂದು ನೋಡಿ ಆರಿಸಬೇಕು.

ಈಗ ನಾನು ಹೇಳಿದ ಗೃಹಿಣಿಯ ವಿಷಯ. ಪಾರ್ವತಮ್ಮನವರು ಹುಟ್ಟಿದ್ದು 1939ರ ಡಿಸೆಂಬರ್ 6ರಂದು, ಮೈಸೂರು ಜಿಲ್ಲೆಯ ಸಾಲಿಗ್ರಾಮದಲ್ಲಿ. 1953ರ ಜೂನ್ 25ರಂದು ಅವರನ್ನು ವರಿಸಿದಾಗ ಮುತ್ತುರಾಜರು ಇನ್ನೂ ನಾಟಕದ ನಟ. ‘ಬೇಡರ ಕಣ್ಣಪ್ಪ’ ತೆರೆಕಂಡದ್ದು ಅದರ ಮರುವರ್ಷ. ಆಮೇಲಿನ ಸುಮಾರು ಎರಡು ದಶಕಗಳು ಅವರ ಪಾಲಿಗೆ ಮದರಾಸಿನ ಅವಿಭಕ್ತ ಕುಟುಂಬದ ಅಡುಗೆಮನೆ, ಐವರು ಮಕ್ಕಳು, ಬಂದುಹೋಗುವ ನೆಂಟರಿಷ್ಟರು. ಪತಿ ನಟಿಸಿದ ಚಿತ್ರಗಳು ಗೆದ್ದುವು, ಸೋತವು. ಹಣದ ವ್ಯವಹಾರವನ್ನು ಯಾರು ಯಾರೋ ನಡೆಸಿದರು. 1975ರಲ್ಲಿ ‘ತ್ರಿಮೂರ್ತಿ’ ಚಿತ್ರದೊಂದಿಗೆ ಪಾರ್ವತಮ್ಮನವರೇ ನಿರ್ಮಾಪಕಿಯಾದರು. ಅಲ್ಲಿಂದ ನಾಲ್ಕು ದಶಕಗಳಲ್ಲಿ ಪೂರ್ಣಿಮಾ ಎಂಟರ್‌ಪ್ರೈಸಸ್, ವಜ್ರೇಶ್ವರಿ ಮುಂತಾದ ಹೆಸರುಗಳಲ್ಲಿ ಅವರ ಸಂಸ್ಥೆಗಳು ನಿರ್ಮಿಸಿದ ಚಿತ್ರಗಳು ಸುಮಾರು 80. ಕಥೆಯ ಆಯ್ಕೆಯಲ್ಲಿ ಮೈದುನ ವರದರಾಜರ ಪಾತ್ರ ದೊಡ್ಡದು. ನಾಯಕಿಯರ ಆಯ್ಕೆಯಲ್ಲಿ ಪಾರ್ವತಮ್ಮನವರ ಮಾತೇ ಮಾತು ಎಂಬುದನ್ನು ಚಿತ್ರರಂಗ ಒಪ್ಪಿಕೊಂಡಿತ್ತು.

ಅವರ ಆಯ್ಕೆಗಳನ್ನು ಕಾಲಾನುಕ್ರಮದಲ್ಲಿ ನೋಡಿದರೆ ಒಂದು ಸ್ವಾರಸ್ಯ ಕಾಣುತ್ತದೆ. ರಾಜ್‌ಕುಮಾರರ ಜೊತೆಗೆ ನಿಲ್ಲಬೇಕಾದಾಗ ಅವರು ಪಳಗಿದ ಕಲಾವಿದೆಯರನ್ನು ಹೊರಗಿನಿಂದಲೂ ಕರೆತಂದರು. ‘ಹಾಲು ಜೇನು’ (1982) ಚಿತ್ರದಲ್ಲಿ ಕ್ಯಾನ್ಸರ್ ಪೀಡಿತ ಪತ್ನಿಯಾಗಿ ಮಾಧವಿ ಬಂದದ್ದು ಹಾಗೆ. ನಾಡೇ ಆರಾಧಿಸುವ ನಟನ ಎದುರು ಹೊಸಬಳು ಕುಗ್ಗಿಹೋಗುತ್ತಾಳೆ. ಅಲ್ಲಿ ಅನುಭವ ಬೇಕು. ಆದರೆ ಮಕ್ಕಳು ನಾಯಕರಾಗುವ ಕಾಲ ಬಂದಾಗ ಲೆಕ್ಕ ಬದಲಾಯಿತು. 1986ರ ‘ಆನಂದ್’ನಲ್ಲಿ ಶಿವರಾಜ್‌ಕುಮಾರ್ ಹೊಸಬರು, ಅವರ ಜೊತೆಗೆ ಬಾಲನಟಿಯಾಗಿದ್ದ ಹುಡುಗಿಯೊಬ್ಬಳು ಸುಧಾರಾಣಿ ಎಂಬ ಹೆಸರಿನಿಂದ ನಾಯಕಿಯಾದಳು. ಅದೇ ವರ್ಷದ ‘ರಥಸಪ್ತಮಿ’ಗೆ ಮತ್ತೊಬ್ಬ ಹೊಸಬಳು, ಆಶಾರಾಣಿ. ಹೊಸ ನಾಯಕನ ಪಕ್ಕದಲ್ಲಿ ಹೆಸರಾಂತ ತಾರೆ ನಿಂತರೆ ಜನ ಆಕೆಯನ್ನೇ ನೋಡಿಯಾರು. ಇಬ್ಬರೂ ಹೊಸಬರಾದರೆ ಕಥೆಯನ್ನು ನೋಡುತ್ತಾರೆ. ಇದು ನನ್ನ ಊಹೆ. ಆದರೆ ‘ಆನಂದ್’, ‘ರಥಸಪ್ತಮಿ’, ‘ಮನ ಮೆಚ್ಚಿದ ಹುಡುಗಿ’ ಮೂರೂ ಸಾಲಾಗಿ ಗೆದ್ದದ್ದು ಊಹೆಯಲ್ಲ. ಶಿವರಾಜ್‌ಕುಮಾರರಿಗೆ ಹ್ಯಾಟ್ರಿಕ್ ಹೀರೊ ಎಂಬ ಬಿರುದು ಬಂದದ್ದು ಅದರಿಂದಲೇ.

1989ರ ‘ನಂಜುಂಡಿ ಕಲ್ಯಾಣ’ದ ಆಯ್ಕೆ ಇನ್ನೂ ದಿಟ್ಟವಾದದ್ದು. ಗಂಡನಿಗೂ ಜಗ್ಗದ ಗಯ್ಯಾಳಿಯೊಬ್ಬಳನ್ನು ಪಳಗಿಸುವ ಕಥೆ. ಎಂ.ಎಸ್. ರಾಜಶೇಖರ್ ನಿರ್ದೇಶನ, ರಾಘವೇಂದ್ರ ರಾಜ್‌ಕುಮಾರ್ ನಾಯಕ. ಇಲ್ಲಿ ಭಾರವೆಲ್ಲ ನಾಯಕಿಯ ಮೇಲೆ. ಆಕೆಯ ಬಾಯಿ ಜೋರಾಗಿರಬೇಕು, ಆದರೂ ನೋಡುವ ಹೆಂಗಸರಿಗೆ ಆಕೆ ಬೇಡವಾಗಬಾರದು. ತೆಲುಗು ತಮಿಳುಗಳಲ್ಲಿ ಬಾಲನಟಿಯಾಗಿ ಶ್ರೀದುರ್ಗಾ ಎಂಬ ಹೆಸರಿನಲ್ಲಿದ್ದ ಹುಡುಗಿ ಮಾಲಾಶ್ರೀಯಾಗಿ ಬಂದಳು. ಅದೇ ವರ್ಷ ‘ಗಜಪತಿ ಗರ್ವಭಂಗ’. ಮುಂದಿನ ಕೆಲವು ವರ್ಷಗಳಲ್ಲಿ ನಾಯಕನ ಹೆಸರಿಗಿಂತ ನಾಯಕಿಯ ಹೆಸರಿನಿಂದಲೇ ಚಿತ್ರ ಓಡುವಂತೆ, ಹೊಡೆದಾಟದ ಪಾತ್ರಗಳಲ್ಲಿಯೂ ಹೆಣ್ಣೊಬ್ಬಳು ನಿಲ್ಲುವಂತೆ ಮಾಲಾಶ್ರೀ ಬೆಳೆದರು. ಒಂದು ಪಾತ್ರಕ್ಕೆ ಮಾಡಿದ ಆಯ್ಕೆ ಇಡೀ ಚಿತ್ರರಂಗದ ವ್ಯಾಪಾರವನ್ನೇ ಬದಲಿಸಿದ ನಿದರ್ಶನವಿದು.

ಪಟ್ಟಿ ಇಲ್ಲಿಗೆ ಮುಗಿಯುವುದಿಲ್ಲ. 1995ರಲ್ಲಿ ‘ಸವ್ಯಸಾಚಿ’, ‘ಓಂ’ ಚಿತ್ರಗಳಲ್ಲಿ ಪ್ರೇಮಾ, 1996ರಲ್ಲಿ ನಾಗಾಭರಣರ ‘ಜನುಮದ ಜೋಡಿ’ಯಲ್ಲಿ ಶಿಲ್ಪಾ, 2002ರಲ್ಲಿ ಪುನೀತ್ ನಾಯಕರಾದ ‘ಅಪ್ಪು’ವಿನಲ್ಲಿ ಛಾಯಾಗ್ರಾಹಕ ಬಿ.ಸಿ. ಗೌರಿಶಂಕರ್ ಮತ್ತು ನಟಿ ಮಮತಾ ರಾವ್ ದಂಪತಿಗಳ ಮಗಳು ರಕ್ಷಿತಾ. 2003ರ ‘ಅಭಿ’ಯಲ್ಲಿ ದಿವ್ಯ ಸ್ಪಂದನ ಎಂಬ ಹುಡುಗಿ ರಮ್ಯಾ ಆಗಿ. ‘ಅಪ್ಪು’ ಚಿತ್ರ ತೆಲುಗು ತಮಿಳುಗಳಿಗೆ ಹೋದಾಗ ನಾಯಕರು ಬದಲಾದರು. ನಾಯಕಿಯಾಗಿ ಮೂರು ಭಾಷೆಗಳಲ್ಲಿಯೂ ರಕ್ಷಿತಾ ಅವರೇ ನಟಿಸಿದರು. ಪಾತ್ರಕ್ಕೆ ಮುಖ ಎಷ್ಟು ಹೊಂದಿತ್ತೆಂಬುದಕ್ಕೆ ಬೇರೆ ಪ್ರಮಾಣ ಬೇಡ.

ಇದೆಲ್ಲ ಅವರಿಗೆ ಹೇಗೆ ಸಾಧ್ಯವಾಯಿತು? ಅವರು ಚಲನಚಿತ್ರ ಶಾಲೆಯಲ್ಲಿ ಓದಿದವರಲ್ಲ. ನನ್ನ ತಿಳಿವಳಿಕೆಯ ಮಟ್ಟಿಗೆ ಉತ್ತರ ಅವರು ಕಳೆದ ಆ ಎರಡು ದಶಕಗಳ ಗೃಹಕೃತ್ಯದಲ್ಲಿಯೇ ಇದೆ. ದೊಡ್ಡ ಕುಟುಂಬವನ್ನು ನಡೆಸಿದ ಹೆಣ್ಣುಮಗಳಿಗೆ ಹೊಸಿಲು ದಾಟಿ ಒಳಗೆ ಬಂದವರು ನಿಲ್ಲುವ ರೀತಿಯಿಂದ, ಮಾತಿನ ಮೊದಲೆರಡು ವಾಕ್ಯಗಳಿಂದ ಮನುಷ್ಯರನ್ನು ಅಳೆಯುವ ಅಭ್ಯಾಸ ತಾನಾಗಿಯೇ ಬರುತ್ತದೆ. ಮೇಲಾಗಿ ಆ ಕಾಲದ ಕನ್ನಡ ಚಿತ್ರಗಳನ್ನು ನೂರು ದಿನ ಓಡಿಸುತ್ತಿದ್ದವರು ಮಕ್ಕಳುಮರಿಗಳೊಡನೆ ಬರುತ್ತಿದ್ದ ಹೆಂಗಸರು. ಪರದೆಯ ಮೇಲಿನ ಹುಡುಗಿಯನ್ನು ಅವರು ತಮ್ಮ ಮನೆಯ ಮಗಳೆಂದು ಒಪ್ಪುತ್ತಾರೆಯೇ ಎಂಬುದನ್ನು ಬಲ್ಲವರು ಅವರಂಥದೇ ಬದುಕು ಬಾಳಿದವರಲ್ಲದೆ ಇನ್ನಾರು? 2017ರ ಮೇ 31ರಂದು ಪಾರ್ವತಮ್ಮನವರು ನಿಧನರಾದರು. ಕಂಠೀರವ ಸ್ಟುಡಿಯೋದಲ್ಲಿ ಪತಿಯ ಸಮಾಧಿಯ ಬಳಿಯೇ ಅವರ ಸಮಾಧಿಯೂ ಇದೆ. ನಿರ್ಮಾಪಕಿ ಎಂಬ ಒಂದೇ ಪದದ ಹಿಂದೆ ಅವರ ಈ ಮತ್ತೊಂದು ಕಸುಬು ಅಡಗಿಹೋಯಿತು.

ಇದೇ ಕಾಲದಲ್ಲಿ ಮತ್ತೊಬ್ಬ ಕನ್ನಡಿಗರು ಇದನ್ನು ಇಡೀ ದೇಶದ ಎದುರು ಮಾಡಿ ತೋರಿಸಿದರು. ಆರ್.ಕೆ. ನಾರಾಯಣರ ಕಥೆಗಳನ್ನಾಧರಿಸಿ ಟಿ.ಎಸ್. ನರಸಿಂಹನ್ ನಿರ್ಮಿಸಿದ, 1986ರಿಂದ ದೂರದರ್ಶನದಲ್ಲಿ ಬಂದ ‘ಮಾಲ್ಗುಡಿ ಡೇಸ್’ ಧಾರಾವಾಹಿ ಇಂಗ್ಲಿಷ್ ಮತ್ತು ಹಿಂದಿಯದು. ರಾಷ್ಟ್ರದ ಪ್ರೇಕ್ಷಕರಿಗೆಂದು ಮುಂಬಯಿಯ ತಾರೆಯರನ್ನೇ ತುಂಬಿಸಿಕೊಳ್ಳಬಹುದಿತ್ತು. ಶಂಕರ್‌ನಾಗ್ ಹಾಗೆ ಮಾಡದೆ ಆಗುಂಬೆಯ ಬೀದಿಗಳಿಗೆ ಕನ್ನಡ ರಂಗಭೂಮಿ ಮತ್ತು ಚಿತ್ರರಂಗದ ಕಲಾವಿದರನ್ನು ಹೇರಳವಾಗಿ ಕರೆದೊಯ್ದರು. ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ತಂದೆಯಾಗಿ ಗಿರೀಶ್ ಕಾರ್ನಾಡ್, ತಾಯಿಯಾಗಿ ವೈಶಾಲಿ ಕಾಸರವಳ್ಳಿ. ಕಚೇರಿಯ ದುಡಿತದಲ್ಲಿ ಮಗಳಿಗೆ ಕೊಟ್ಟ ಮಾತು ನಡೆಸಲಾಗದ ಬಡ ಗುಮಾಸ್ತನಾಗಿ ಕನ್ನಡದ ಜನಪ್ರಿಯ ನಾಯಕ ವಿಷ್ಣುವರ್ಧನರನ್ನೇ ನಿಲ್ಲಿಸಿದರು. ದೆಹಲಿಯಲ್ಲಿ ಕುಳಿತ ಪ್ರೇಕ್ಷಕ ಈ ಮುಖಗಳನ್ನು ಹಿಂದೆ ಕಂಡಿರಲಿಲ್ಲ. ಆದ್ದರಿಂದ ಅವನಿಗೆ ಅವರು ನಟರಾಗಿ ಕಾಣದೆ ಮಾಲ್ಗುಡಿಯ ನಿವಾಸಿಗಳಾಗಿಯೇ ಕಂಡರು. ಈ ಮಾತನ್ನು ಇನ್ನೂ ಮುಂದಕ್ಕೆ ಒಯ್ದವರು ರಾಮ್ ರೆಡ್ಡಿ ಮತ್ತು ಈರೇಗೌಡರು. ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನ ಹಳ್ಳಿಗರನ್ನು ಮೊದಲು ಕಂಡುಕೊಂಡು, ಅವರಿಗೆ ಒಪ್ಪುವಂತೆ ಕಥೆ ಹೆಣೆದ ‘ತಿಥಿ’ ಚಿತ್ರ 2015ರಲ್ಲಿ ಸ್ವಿಟ್ಜರ್‌ಲೆಂಡಿನ ಲೊಕಾರ್ನೊ ಉತ್ಸವದಲ್ಲಿ ಪ್ರಶಸ್ತಿ ಗಳಿಸಿತು. 2022ರ ‘ಕಾಂತಾರ’ದಲ್ಲಿ ಪ್ರಕಾಶ್ ತೂಮಿನಾಡು, ದೀಪಕ್ ರೈ ಪಾಣಾಜೆಯವರಂಥ ತುಳು ರಂಗಭೂಮಿಯ ಕಲಾವಿದರು ನಾಡಿಗೆಲ್ಲ ಪರಿಚಿತರಾದದ್ದೂ ಇದೇ ಹಾದಿಯಲ್ಲಿ.

ಹೊರಗಿನ ಪ್ರಪಂಚದಲ್ಲಿ ಈ ಕೆಲಸಕ್ಕೆ ಹೆಸರು ಬಂದದ್ದೂ ತಡವಾಗಿಯೇ. ಅಮೆರಿಕದಲ್ಲಿ ಲಿನ್ ಸ್ಟಾಲ್‌ಮಾಸ್ಟರ್ ಎಂಬವರಿಗೆ 1968ರ ಒಂದು ಚಿತ್ರದ ಆರಂಭದಲ್ಲಿ ಮೊದಲ ಬಾರಿಗೆ ಪ್ರತ್ಯೇಕವಾಗಿ ಹೆಸರು ಹಾಕಿದರು. ಅವರಿಗೆ ಗೌರವ ಆಸ್ಕರ್ ದೊರೆತದ್ದು 2016ರಲ್ಲಿ. ಅದೂ ಈ ವೃತ್ತಿಗೆ ಸಂದ ಮೊದಲ ಆಸ್ಕರ್. ಅವರಷ್ಟೇ ಹಿರಿಯರಾಗಿದ್ದ, ಜೇಮ್ಸ್ ಡೀನ್ ಮೊದಲಾದವರನ್ನು ಮುಂದಕ್ಕೆ ತಂದ ಮೇರಿಯನ್ ಡಾಹರ್ಟಿ ಎಂಬ ಮಹಿಳೆ 2011ರಲ್ಲಿ ಆ ಗೌರವವಿಲ್ಲದೆಯೇ ತೀರಿಕೊಂಡರು. ಬ್ರಿಟನ್ನಿನ ಬಾಫ್ಟಾ ಸಂಸ್ಥೆ 2020ರಲ್ಲಿ ಈ ವಿಭಾಗಕ್ಕೆ ಪ್ರಶಸ್ತಿ ಆರಂಭಿಸಿತು. 2025ರ ಚಿತ್ರಗಳಿಂದ ಆರಂಭಿಸಿ ಪ್ರತಿವರ್ಷ ಆಸ್ಕರ್ ನೀಡುವುದಾಗಿ ಅಲ್ಲಿನ ಅಕಾಡೆಮಿ 2024ರಲ್ಲಿ ಘೋಷಿಸಿತು. ಸಂಗೀತಕ್ಕೆ, ಉಡುಪಿಗೆ, ಕೇಶಾಲಂಕಾರಕ್ಕೆ ಪ್ರಶಸ್ತಿಗಳು ಬಂದು ಎಷ್ಟೋ ಕಾಲವಾದ ಮೇಲೆ!

ಭಾರತದ ಮಟ್ಟಿಗೆ ಅಟೆನ್‌ಬರೋ ಅವರ ‘ಗಾಂಧಿ’ (1982) ಚಿತ್ರಕ್ಕೆ ಇಲ್ಲಿನ ಕಲಾವಿದರನ್ನು ಆರಿಸುವ ಹೊಣೆ ಹೊತ್ತ ಡಾಲಿ ಠಾಕೂರ್ ಈ ಹೆಸರಿನಲ್ಲಿ ದುಡಿದ ಮೊದಲಿಗರ ಸಾಲಿಗೆ ಸೇರುತ್ತಾರೆ. ಆ ಚಿತ್ರದ ಕಸ್ತೂರ್ಬಾ ಪಾತ್ರ ರಂಗಭೂಮಿಯ ರೋಹಿಣಿ ಹಟ್ಟಂಗಡಿಯವರಿಗೆ ಬಾಫ್ಟಾ ಪ್ರಶಸ್ತಿಯನ್ನು ತಂದಿತು. 1994ರ ‘ಬ್ಯಾಂಡಿಟ್ ಕ್ವೀನ್’ಗೆ ತಿಗ್ಮಾಂಶು ಧೂಲಿಯಾ, 2012ರ ‘ಗ್ಯಾಂಗ್ಸ್ ಆಫ್ ವಾಸೇಪುರ್’ಗೆ ಮುಕೇಶ್ ಛಾಬ್ರಾ ಇದೇ ಕೆಲಸ ಮಾಡಿದರು, ಹಿಂದಿ ಚಿತ್ರರಂಗದಲ್ಲಿ ಇದು ಈಗ ಕಚೇರಿ, ಸಹಾಯಕರು, ಸಂಬಳಗಳುಳ್ಳ ವೃತ್ತಿ. ‘ಲೈಫ್ ಆಫ್ ಪೈ’ಗಾಗಿ ಸುಮಾರು 3000 ಹುಡುಗರನ್ನು ಪರೀಕ್ಷಿಸಿದರೆಂದೂ, ಕೊನೆಗೆ ಆಯ್ಕೆಯಾದ ದೆಹಲಿಯ ಸೂರಜ್ ಶರ್ಮಾ ತಮ್ಮನ ಜೊತೆಗೆ ಸುಮ್ಮನೆ ಬಂದಿದ್ದವನೆಂದೂ ಪ್ರಸಿದ್ಧಿ. ಕನ್ನಡದಲ್ಲಿ ವಾಹಿನಿಗಳ ಧಾರಾವಾಹಿಗಳು ಹೆಚ್ಚಿದಂತೆ ಇಂಥ ಆಯ್ಕೆಗಾರರ ಅಗತ್ಯವೂ ಹೆಚ್ಚಿತು. ನೂರಾರು ಕಂತುಗಳ ಕಥೆಗೆ ದಿನವೂ ಒಬ್ಬ ಹೊಸ ಚಿಕ್ಕಮ್ಮ, ಹೊಸ ವಕೀಲ ಬೇಕಾಗುತ್ತಾರಷ್ಟೆ.

ಹಾಗಾದರೆ ಹಂಪಿನಗರದ ಆ ಮಗಳಿಗೆ ಏನು ಹೇಳಬೇಕು? ಮೊದಲನೆಯದಾಗಿ, ಇದಕ್ಕೆಂದೇ ಪದವಿ ಕೊಡುವ ಕಾಲೇಜನ್ನು ಅರಸುತ್ತ ಹೋಗುವುದಕ್ಕಿಂತ ರಂಗಭೂಮಿಯ ಹಿನ್ನೆಲೆಯನ್ನು ಗಳಿಸುವುದು ಮೇಲು. ನಟಿಸಿ ನೋಡದವರಿಗೆ ನಟನೆಯ ಕಷ್ಟ ಅರ್ಥವಾಗದು. ಹೆಗ್ಗೋಡಿನ ನೀನಾಸಂ, ಮೈಸೂರಿನ ರಂಗಾಯಣಗಳನ್ನು ಎಲ್ಲರೂ ಬಲ್ಲರು. 1997ರಿಂದ ಶಿವಸಂಚಾರದ ನಾಟಕಗಳನ್ನು ಊರೂರಿಗೆ ಕೊಂಡೊಯ್ದಿರುವ ಹೊಸದುರ್ಗ ತಾಲ್ಲೂಕಿನ ಸಾಣೇಹಳ್ಳಿಯಲ್ಲಿ ಶ್ರೀ ಶಿವಕುಮಾರ ರಂಗಪ್ರಯೋಗ ಶಾಲೆಯೂ ನಡೆದುಬಂದಿದೆ. ಮಠವೊಂದರ ಆಶ್ರಯದಲ್ಲಿ ಹುಡುಗ ಹುಡುಗಿಯರು ವರ್ಷವಿಡೀ ನಟನೆಯನ್ನು ಅಭ್ಯಸಿಸುವ ತಾಣವದು. ಎರಡನೆಯದಾಗಿ, ಆರಂಭ ಸಹಾಯಕಿಯಾಗಿಯೇ. ಕಲಾವಿದರ ಹೆಸರು, ವಯಸ್ಸು, ಬಲ್ಲ ಭಾಷೆಗಳನ್ನು ದಾಖಲಿಸುವುದು, ಕ್ಯಾಮೆರಾ ಹಿಡಿಯುವುದು, ಎದುರು ಪಾತ್ರದ ಮಾತುಗಳನ್ನು ಓದಿಕೊಡುವುದು. ಬಹುತೇಕ ಕೆಲಸ ಚಿತ್ರದಿಂದ ಚಿತ್ರಕ್ಕೆ ಒಪ್ಪಂದದ ಮೇಲೆ ನಡೆಯುವುದರಿಂದ ತಿಂಗಳ ಮೊದಲ ತಾರೀಖಿನ ಸಂಬಳಕ್ಕೆ ಒಗ್ಗಿದ ಮನೆಯವರು ಕೆಲವು ವರ್ಷ ತಾಳ್ಮೆ ವಹಿಸಬೇಕಾದೀತು. ಇದನ್ನು ಮುಚ್ಚಿಟ್ಟು ಪ್ರೋತ್ಸಾಹಿಸುವುದು ಸರಿಯಲ್ಲ.

ಈ ವೃತ್ತಿಯ ನೆರಳಿನಲ್ಲಿ ಬೆಳೆದಿರುವ ವಂಚನೆಯನ್ನೂ ಇಲ್ಲಿ ಹೇಳದೆ ವಿಧಿಯಿಲ್ಲ. ನಟನಾಗುವ ಆಸೆಯ ಮಕ್ಕಳಿರುವ ಮನೆಗಳಿಗೆ, ತಾವು ಕಾಸ್ಟಿಂಗ್‌ನವರೆಂದು ಹೇಳಿಕೊಂಡು ದೂರವಾಣಿ ಕರೆ ಬರುತ್ತದೆ. ನೋಂದಣಿ ಶುಲ್ಕ, ಭಾವಚಿತ್ರಗಳ ಖರ್ಚು, ಗುರುತಿನ ಚೀಟಿಯ ಖರ್ಚು ಎಂದು ಹಣ ಹೋಗುತ್ತದೆ. ಆಮೇಲೆ ದೂರವಾಣಿ ಮೌನವಾಗುತ್ತದೆ. ಮಗನ ಆಸೆಗಾಗಿ ಕೂಡಿಟ್ಟ ಹಣವನ್ನು ಹೀಗೆ ಕಳೆದುಕೊಂಡು, ನಾಚಿಕೆಯಿಂದ ದೂರನ್ನೂ ಕೊಡದೆ ಕುಳಿತ ಸಂಸಾರಗಳುಂಟು. ನಿಜವಾದ ಆಯ್ಕೆಗಾರರಿಗೆ ಸಂಭಾವನೆ ಕೊಡುವವರು ನಿರ್ಮಾಪಕರು, ಕಲಾವಿದರಲ್ಲ. ಪಾತ್ರ ಕೊಡಿಸಲು ಹಣ ಕೇಳಿದ ಕ್ಷಣವೇ ಆ ಮಾತುಕತೆ ನಿಲ್ಲಬೇಕು.

ಹಣಕ್ಕಿಂತ ಘೋರವಾದದ್ದೂ ಇದೆ. ಪಾತ್ರ ಕೊಡುವ ಅಧಿಕಾರ ಒಬ್ಬರ ಕೈಯಲ್ಲಿದ್ದು, ಅದಕ್ಕಾಗಿ ಕಾದಿರುವ ತರುಣಿ ಎದುರಿಗೆ ಕುಳಿತಾಗ ಆ ಅಧಿಕಾರ ದುರುಪಯೋಗವಾದ ಉದಾಹರಣೆಗಳು ಅನೇಕ. ಮಲಯಾಳಂ ಚಿತ್ರರಂಗದ ಪರಿಸ್ಥಿತಿಯನ್ನು ಕುರಿತು ನ್ಯಾಯಮೂರ್ತಿ ಹೇಮಾ ಸಮಿತಿ 2019ರಲ್ಲಿ ಸಲ್ಲಿಸಿದ ವರದಿ 2024ರ ಆಗಸ್ಟ್‌ನಲ್ಲಿ ಪ್ರಕಟವಾದ ಮೇಲೆ ಕನ್ನಡದಲ್ಲಿಯೂ ಅಂಥ ಸಮಿತಿ ಬೇಕೆಂದು ಕಲಾವಿದರು ಸರ್ಕಾರಕ್ಕೆ ಮನವಿ ಸಲ್ಲಿಸಿದರು. ಆಡಿಷನ್ ಹಗಲು ಹೊತ್ತಿನಲ್ಲಿ, ಕಚೇರಿಯಲ್ಲಿ, ಬೇರೆಯವರ ಸಮಕ್ಷಮ ನಡೆಯಬೇಕು. ಯಾವ ಚಿತ್ರ, ಯಾವ ಸಂಸ್ಥೆ, ಯಾವ ಪಾತ್ರ ಎಂಬುದನ್ನು ಮೊದಲೇ ತಿಳಿಸಿರಬೇಕು. ಆ ಕೋಣೆಯಲ್ಲಿ ಆಯ್ಕೆ ಮಾಡುವ ಕುರ್ಚಿಯಲ್ಲಿ ಹೆಣ್ಣುಮಕ್ಕಳೇ ಹೆಚ್ಚಾಗಿ ಕುಳಿತರೆ ಎಷ್ಟೋ ಮನೆಗಳ ಭಯ ಕಡಿಮೆಯಾದೀತು. ಆ ಗೃಹಸ್ಥರಿಗೆ ನಾನು ಒತ್ತಿ ಹೇಳಿದ್ದು ಇದನ್ನೇ.

ಇನ್ನು ಮಕ್ಕಳ ವಿಚಾರ. ಪಾರ್ವತಮ್ಮನವರು ನಿರ್ಮಿಸಿ, ಎನ್. ಲಕ್ಷ್ಮೀನಾರಾಯಣ್ ನಿರ್ದೇಶಿಸಿದ 1985ರ ‘ಬೆಟ್ಟದ ಹೂವು’ ಚಿತ್ರದಲ್ಲಿ, ಪುಸ್ತಕ ಕೊಳ್ಳಲೆಂದು ಕಾಸು ಕೂಡಿಡುವ ಬಡ ಹುಡುಗ ರಾಮುವಾಗಿ ಅವರ ಕಿರಿಯ ಮಗ ಪುನೀತ್ ನಟಿಸಿ ರಾಷ್ಟ್ರಪ್ರಶಸ್ತಿ ಪಡೆದರು. ಅಲ್ಲಿ ನಿರ್ಮಾಪಕಿ ತಾಯಿಯೇ ಆಗಿದ್ದರಿಂದ ಮಗುವಿನ ಊಟ ನಿದ್ರೆಗಳನ್ನು ನೋಡಲು ಬೇರೆ ಕಾನೂನು ಬೇಕಿರಲಿಲ್ಲ. ಎಲ್ಲ ಮಕ್ಕಳಿಗೂ ಆ ಭಾಗ್ಯವಿರುವುದಿಲ್ಲ. ಬಾಲಕಾರ್ಮಿಕ ಕಾಯಿದೆಗೆ 2016ರಲ್ಲಿ ತಂದ ತಿದ್ದುಪಡಿ ಮತ್ತು 2017ರ ನಿಯಮಗಳ ಪ್ರಕಾರ ಬಾಲ ಕಲಾವಿದರನ್ನು ದಿನಕ್ಕೆ 5 ಗಂಟೆಗಿಂತ ಹೆಚ್ಚು, ವಿರಾಮವಿಲ್ಲದೆ 3 ಗಂಟೆಗಿಂತ ಹೆಚ್ಚು ದುಡಿಸುವಂತಿಲ್ಲ. ಸತತವಾಗಿ 27 ದಿನಗಳನ್ನು ಮೀರುವಂತಿಲ್ಲ. ಮಗುವಿನ ಗಳಿಕೆಯಲ್ಲಿ ಕನಿಷ್ಠ ಶೇಕಡ 20ರಷ್ಟನ್ನು ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿನಲ್ಲಿಯೇ ನಿಶ್ಚಿತ ಠೇವಣಿಯಾಗಿಡಬೇಕು. ಚಿತ್ರೀಕರಣ ನಡೆಯುವ ಜಿಲ್ಲೆಯ ಜಿಲ್ಲಾ ದಂಡಾಧಿಕಾರಿಗಳ ಅನುಮತಿಯನ್ನು ನಿರ್ಮಾಪಕರು ಮೊದಲೇ ಪಡೆದಿರಬೇಕು. ಆಗ ಅವರು ಬರೆದುಕೊಡುವ ಮುಚ್ಚಳಿಕೆಯ ಅವಧಿ 6 ತಿಂಗಳು. ಮಗುವನ್ನು ಚಿತ್ರೀಕರಣಕ್ಕೆ ಕಳುಹಿಸುವ ತಂದೆತಾಯಂದಿರು ಅದರ ಪ್ರತಿಯೊಂದನ್ನು ಕೇಳಿ ಪಡೆದು, ಠೇವಣಿಯ ರಸೀದಿಯ ಜೊತೆಗೆ ಮನೆಯಲ್ಲಿಟ್ಟುಕೊಳ್ಳುವುದು ಒಳಿತು.